ಯಾರೂ ತುಳಿಯದ ಜಾಗ

"ಆಂಟೀ, ತಿನಬ್ಯಾಡ್ರೀ ಅದನ್ನ! ಹೊಟ್ಟಿ ಕೆಡ್ತದ!"

ಪರದೇಶದ ಊರಾದ ಎಡಿಸನ್‌ನಲ್ಲಿ, ನಮ್ಮ ಟೌನ್‌ಹೌಸ್‌ಗಳ ಹಿಂದಿನ ಕಾಡಿನಲ್ಲಿ, ಏಪ್ರಿಲ್‌ನ ಒಂದು ಶನಿವಾರ ಬೆಳಿಗ್ಗೆ ಧಾರವಾಡದ ಕನ್ನಡ ಕೇಳಿಬಂದರೆ ಯಾರಾದರೂ ಬೆಚ್ಚಿಬೀಳುತ್ತಾರೆ. ಅಮ್ಮ ಬೆಚ್ಚಿ, ಸೆರಗಿನಲ್ಲಿ ಕಟ್ಟಿಕೊಂಡಿದ್ದ ಸೊಪ್ಪನ್ನೆಲ್ಲ ನೆಲಕ್ಕೆ ಚೆಲ್ಲಿದಳು. ತೊರೆಯ ನಡುವೆ, ಎದೆಯವರೆಗೂ ರಬ್ಬರಿನ ಪ್ಯಾಂಟು ತೊಟ್ಟ ಎತ್ತರದ ಗಂಡಸೊಬ್ಬ ಬಲೆ ಹಿಡಿದು ನಿಂತಿದ್ದ.

"ಇದು ಒಂದೆಲಗ ಕಣಪ್ಪ," ಅಂದಳು ಅಮ್ಮ. "ನಲವತ್ತು ವರ್ಷದಿಂದ ತಂಬುಳಿ ಮಾಡ್ತಿದೀನಿ. ನಂಗೆ ಗೊತ್ತಾಗಲ್ವಾ?"

"ಒಂದೆಲಗ ಅಲ್ರೀ. ಲೆಸ್ಸರ್ ಸೆಲಂಡೈನ್ ಅಂತಾರ. ಎಲಿ ಹಂಗ ಕಾಣ್ತದ, ಖರೆ. ಆದ್ರ ಒಂದೆಲಗಕ್ಕ ಇಂಥಾ ಹಳದಿ ಹೂವು ಎಲ್ಲಿ ಇರ್ತಾವ್ರೀ?"

ದಡದುದ್ದಕ್ಕೂ ಹರಡಿದ್ದ ಹಸಿರಿನ ಮೇಲೆ ಹಳದಿ ಹೂಗಳು ಬೆಣ್ಣೆ ಸವರಿದಂತೆ ಹೊಳೆಯುತ್ತಿದ್ದವು. ಅಮ್ಮ ಒಂದು ಹೂವು ಕಿತ್ತು ತಿರುಗಿಸಿ ನೋಡಿದಳು. ಅವನು ನನ್ನ ಕಡೆ ತಿರುಗಿ, "ನಿಮಗರೆ ಗೊತ್ತಾಗಬಾರದೇನ್ರೀ?" ಅಂದ. ನನಗೆ ರೇಗಿತು. ರೇಗಿದ್ದು ಮುಖದಲ್ಲಿ ಕಂಡಿರಬೇಕು, ಅವನು ತುಟಿ ಕಚ್ಚಿ ನಗು ತಡೆದುಕೊಂಡ. ಆ ತಡೆದ ನಗುವನ್ನು ನಾನು ಮನೆಯವರೆಗೂ ಹೊತ್ತು ತಂದೆ.

"ಹುಡುಗ ಲಕ್ಷಣವಾಗಿದಾನೆ," ಅಂದಳು ಅಮ್ಮ ದಾರಿಯಲ್ಲಿ. "ಮಾತು ಮಾತ್ರ ಒರಟು."

"ಅದು ಒರಟಲ್ಲಮ್ಮ, ಧಾರವಾಡ."

ಮೈಸೂರಿನಿಂದ ಆರು ತಿಂಗಳಿಗೆಂದು ಬಂದಿದ್ದ ಅಮ್ಮ, ಹಿಂದಿನ ವಾರವೇ ನನಗೆ ತಿಳಿಯದಂತೆ ಆ ಗಿಡವನ್ನು ಬೇರುಸಮೇತ ಕಿತ್ತು ತಂದಿದ್ದಳು. ಬಾಲ್ಕನಿಯಲ್ಲಿ ಐದು ಮೊಸರಿನ ಡಬ್ಬಿಗಳು, ತಳಕ್ಕೆ ತೂತು, ಒಳಗೆ ಮಣ್ಣು, ಮಣ್ಣಿನಲ್ಲಿ ಸೊಂಪಾದ ಎಲೆಗಳು.

"ಕೊಡು, ಗಾರ್ಬೇಜಿಗೆ ಹಾಕ್ತೀನಿ," ಅಂದೆ.

"ಹಾಕ್ತೀಯ, ಹಾಕ್ತೀಯ! ಸರಸ್ವತಿ ಸೊಪ್ಪು ಅಂತ ದಿನಾ ನೀರು ಹಾಕಿ ಕೈ ಮುಗಿದಿದೀನಿ. ಅಲ್ಲದೇ ಇದ್ರೂ ಜೀವ ಇರೋ ಗಿಡ. ಕಸದ ಜೊತೆ ಹಾಕಬಾರದು. ಯಾರೂ ತುಳಿಯದ ಜಾಗ ನೋಡಿ ಇಟ್ಟು ಬರೋಣ."

ನಮ್ಮ ಮನೆಗಳಲ್ಲಿ ಇದು ಚರ್ಚೆಯ ವಿಷಯವೇ ಅಲ್ಲ. ದೇವರ ಮೇಲಿನ ಬಾಡಿದ ಹೂವು, ತೆಂಗಿನಕಾಯಿಯ ಜುಟ್ಟು, ಯಾವುದೂ ಕಸದ ಬುಟ್ಟಿಗೆ ಹೋಗುವುದಿಲ್ಲ, ಯಾರೂ ತುಳಿಯದ ಜಾಗಕ್ಕೆ ಹೋಗುತ್ತದೆ. ಎಡಿಸನ್‌ನಲ್ಲಿ ಅಂಥ ಜಾಗ ಹುಡುಕುವುದು ಭಾನುವಾರ ಇಂಡಿಯನ್ ಅಂಗಡಿಯ ಮುಂದೆ ಪಾರ್ಕಿಂಗ್ ಹುಡುಕಿದಷ್ಟೇ ಕಷ್ಟ. ನಾವು ತೊರೆಯನ್ನು ಹಿಡಿದು ಮೇಲಕ್ಕೆ ನಡೆದೆವು.

ಬೀಚ್‌ನಟ್ ಬ್ರೂಕ್ ದೊಡ್ಡ ತೊರೆಯೇನಲ್ಲ. ಉದ್ದ ಒಂದೂವರೆ ಮೈಲಿ. ಬೇಸಿಗೆಯಲ್ಲಿ ಒಂದೇ ನೆಗೆತಕ್ಕೆ ದಾಟಬಹುದು. ನಮ್ಮ ಮನೆಗಳ ಹಿಂದೆ ಕೆಂಪು ಕಲ್ಲಿನ ಪದರಗಳ ಮೇಲೆ ಹರಿಯುತ್ತದೆ, ಮಳೆಯ ಮಾರನೆಯ ದಿನ ನೀರಿಗೆ ಇಟ್ಟಿಗೆಯ ಬಣ್ಣ. ಕೆಳಗೆ ರೈಲು ಹಳಿಯಡಿಯ ಕಮಾನಿನಲ್ಲಿ ನುಸುಳಿ, ಇನ್ನೊಂದು ತೊರೆಯ ಕೈ ಹಿಡಿದು ರಾರಿಟನ್ ನದಿಗೆ, ಅಲ್ಲಿಂದ ಕೊಲ್ಲಿಗೆ ಹೋಗುತ್ತದೆ. ಮೇಲಕ್ಕೆ ನಡೆದರೆ ಮನೆಗಳು ಮುಗಿದು ಕಾಡು ದಟ್ಟವಾಗುತ್ತದೆ. ಬೀಚ್ ಮರಗಳ ಇಳಿಜಾರಿನ ಬುಡದಲ್ಲಿ ನೆಲವೇ ಒಸರಿ ನೀರಾಗುತ್ತದೆ. ತೊರೆ ಹುಟ್ಟುವುದು ಅಲ್ಲಿ. ಆ ಒರತೆಯ ಸುತ್ತ ಹಗ್ಗ ಕಟ್ಟಿ, ಒಳಗೆ ಕಾಲಿಡಬೇಡಿ ಎಂದು ಬೋರ್ಡು ಹಾಕಿದ್ದರು.

"ನೋಡು, ಇಲ್ಲಿ ಯಾರೂ ತುಳಿಯಲ್ಲ," ಅಂದಳು ಅಮ್ಮ. ಅವಳಿಗೆ ಬಹಳ ಸಂತೋಷವಾಗಿತ್ತು.

ಡಬ್ಬಿಗಳನ್ನು ಹೊತ್ತವಳು ನಾನು. ಹಗ್ಗ ಎತ್ತಿ ಹಿಡಿದವಳೂ ನಾನೇ. ಅಮ್ಮ ಐದೂ ಗಿಡಗಳನ್ನು ಗೇಣು ಗೇಣು ಬಿಟ್ಟು ಸಾಲಾಗಿ ಒದ್ದೆ ಮಣ್ಣಿನಲ್ಲಿ ನೆಟ್ಟು, ಸ್ನೀಕರ್ಸ್ ಕಳಚಿಟ್ಟು ಕೈ ಮುಗಿದಳು.

ಮುಂದಿನ ಶನಿವಾರ ನಾನೊಬ್ಬಳೇ ತೊರೆಗೆ ಹೋದೆ. ವಾಕಿಂಗ್ ಎಂದು ಹೇಳಿದ್ದೆ. ವಾಕಿಂಗಿಗೆ ಯಾರೂ ಕಣ್ಣಿಗೆ ಕಾಡಿಗೆ ಹಚ್ಚಿಕೊಂಡು ಹೋಗುವುದಿಲ್ಲ ಎನ್ನುವುದು ಅಮ್ಮನಿಗೂ ಗೊತ್ತಿತ್ತು.

ಅವನ ಹೆಸರು ಅತುಲ್. ಈ ದೇಶದಲ್ಲೇ, ಹಿಕ್ಸ್‌ವಿಲ್ ಎಂಬ ಊರಿನಲ್ಲಿ ಹುಟ್ಟಿದವನು; ಅಪ್ಪ ಅಮ್ಮ ಇಬ್ಬರೂ ಬೆಳಗಿನ ರೈಲಿಗೆ ಮ್ಯಾನ್‌ಹಟನ್‌ಗೆ ಹೊರಟುಬಿಡುತ್ತಿದ್ದರಿಂದ ಧಾರವಾಡದಿಂದ ಬಂದಿದ್ದ ಅಜ್ಜಿಯ ಕೈಯಲ್ಲಿ ಬೆಳೆದವನು. ಕನ್ನಡ ಓದಲು ಬರೆಯಲು ಬಾರದು, ಆದರೆ ಅಜ್ಜಿಯ ಬೈಗುಳಗಳೆಲ್ಲ ಬಾಯಿಪಾಠ. ಈ ಭಾಗದ ತೊರೆಗಳನ್ನು ನೋಡಿಕೊಳ್ಳುವ ಒಂದು ಸಣ್ಣ ಸಂಸ್ಥೆಯಲ್ಲಿ ಅವನ ಕೆಲಸ.

"ನೀರಾಗಿನ ಹುಳದ ಲೆಕ್ಕ ಬರೀಲಿಕ್ಕೆ ಒಬ್ಬರು ಬೇಕಾಗ್ಯಾರ," ಅಂದ. "ನೀರಾಗ ನಿಂತವರಿಗೆ ಬರೀಲಿಕ್ಕೆ ಆಗಂಗಿಲ್ಲ. ನೀವು ಏನು ಕೆಲಸ ಮಾಡ್ತೀರಿ?"

"ಜರ್ಸಿ ಸಿಟೀಲಿ. ಆಡಿಟ್."

"ಅಂದ್ರ ಮಂದಿ ತಪ್ಪು ಹಿಡಿಯೋದು."

"ನಿಮ್ಮದೂ ಅದೇ ಅಲ್ವಾ? ಮೊದಲನೇ ದಿನವೇ ನಮ್ಮಮ್ಮನ ತಪ್ಪು ಹಿಡಿದ್ರಿ."

ಈ ಸಲ ಅವನು ನಗು ತಡೆಯಲಿಲ್ಲ.

ಹೀಗೆ ಶನಿವಾರಗಳು ಶುರುವಾದವು. ಅವನು ಕಲ್ಲುಗಳನ್ನು ಕಾಲಿನಿಂದ ಕದಲಿಸಿ ಬಲೆಗೆ ಬಿದ್ದದ್ದನ್ನು ಬಿಳಿ ಟ್ರೇಯಲ್ಲಿ ಸುರಿಯುತ್ತಿದ್ದ. ನಾನು ದಡದಲ್ಲಿ ಕುಳಿತು ಬರೆದುಕೊಳ್ಳುತ್ತಿದ್ದೆ. ಮರಳಿನ ಕಾಳು ಜೋಡಿಸಿ ತನಗೊಂದು ಕೊಳವೆಯ ಮನೆ ಕಟ್ಟಿಕೊಳ್ಳುವ ಕ್ಯಾಡಿಸ್ ಹುಳು, ಚಪ್ಪಟೆ ಕಲ್ಲಿನಡಿ ಅಡಗುವ, ಹಲ್ಲಿಯಂಥ ಹಳದಿ ಸ್ಯಾಲಮ್ಯಾಂಡರ್, ಸಮುದ್ರದಿಂದ ನದಿ ಹತ್ತಿ ಇಲ್ಲಿಯವರೆಗೆ ಬರುವ ಬೆರಳುದ್ದದ ಈಲ್ ಎಂಬ ಹಾವುಮೀನಿನ ಮರಿ. ಹೆಸರು ಇಂಗ್ಲಿಷಿನಲ್ಲಿ, ಎಣಿಕೆ ಕನ್ನಡದಲ್ಲಿ.

"ಸ್ಟೋನ್‌ಫ್ಲೈ, ಮೂರು. ಇದು ಇದ್ರ ನೀರು ಚೊಲೋ ಅದ ಅಂತ ತಿಳಕೋರಿ. ಹೊಲಸು ನೀರಾಗ ಬಾಳಂಗಿಲ್ಲ ಇದು."

"ಭಾರಿ ಮಡಿ."

"ನಮ್ಮ ಅಜ್ಜಿಗಿಂತ ಹೆಚ್ಚು."

ನಮ್ಮ ಜೊತೆ ಟೋನಿ ಇರುತ್ತಿದ್ದ. ಎಪ್ಪತ್ತನಾಲ್ಕು ವರ್ಷ, ರೈಲ್ವೆ ಸಿಗ್ನಲ್ ರಿಪೇರಿಯಿಂದ ರಿಟೈರ್ ಆದವನು, ಹೆಂಡತಿ ಇಲ್ಲ. ಮೂವತ್ತು ವರ್ಷದಿಂದ ಈ ತೊರೆಯನ್ನು ಕಾಯುತ್ತಿದ್ದ. ಹಗ್ಗದೊಳಗಿನ ಒರತೆಗೆ ವಾರಕ್ಕೊಮ್ಮೆ ಹೋಗಿ ನೀರಿನ ಮಟ್ಟ ಓದಿ ಬರುವುದು ಅವನೊಬ್ಬನೇ. ಸಂಹಿತಾ ಎನ್ನಲು ನಾಲಗೆ ಹೊರಳದೆ ನನ್ನನ್ನು ಸ್ಯಾಮ್ ಎಂದು ಕರೆಯುತ್ತಿದ್ದ. ಅತುಲ್ ಮತ್ತು ನಾನು ಕನ್ನಡಕ್ಕೆ ಹೊರಳಿದ ಕೂಡಲೇ ಏನೋ ನೆನಪಾದವನಂತೆ ಮುಂದೆ ನಡೆದುಬಿಡುತ್ತಿದ್ದ.

ಒಂದು ಜಾಗದಿಂದ ಇನ್ನೊಂದಕ್ಕೆ ಹೋಗುವ ಮುನ್ನ ಬೂಟಿನ ತಳ ಬ್ರಷ್ ಹಾಕಿ ಉಜ್ಜಿ ತೊಳೆಯಬೇಕು, ಅದು ನಿಯಮ. ಮೇ ತಿಂಗಳ ಒಂದು ದಿನ ನಾನು ಒಂಟಿಕಾಲಲ್ಲಿ ಒದ್ದಾಡುವುದು ನೋಡಿ ಅತುಲ್ ಕುಳಿತು ನನ್ನ ಹಿಮ್ಮಡಿಯನ್ನು ಕೈಯಲ್ಲಿ ಹಿಡಿದ.

"ಅಯ್ಯೋ, ಕಾಲು ಮುಟ್ಟಬೇಡಿ!"

"ಸುಮ್ಮ ನಿಂದರ್ರಿ. ಆ ಸೆಲಂಡೈನ್ ಗಡ್ಡಿ ಅಕ್ಕಿಕಾಳಿನಷ್ಟು ಇರ್ತದ. ಒಂದು ಮಣ್ಣಾಗ ಅಂಟಿ ಹೋದ್ರ ಸಾಕು, ಎಲ್ಲಾ ಹಬ್ಬತದ. ಈ ತೊರಿಗೆ ಸ್ವಂತದ್ದಾದ ವಸಂತದ ಹೂವು ಅವ, ಟ್ರೌಟ್ ಲಿಲಿ, ಬ್ಲಡ್‌ರೂಟ್. ಇದರ ಕಾಟಕ್ಕ ಕೆಳಗ ಎಲ್ಲಾ ಹೋದ್ವು. ಮ್ಯಾಲೆ ಒರತಿ ಹತ್ರ ಅಷ್ಟ ಉಳದಾವ. ಅದೊಂದ ಜಾಗಾ."

ಅವನ ಕೈ ನನ್ನ ಹಿಮ್ಮಡಿಯ ಮೇಲಿತ್ತು, ನನ್ನ ಎದೆ ಬೇರೆಯದೇ ಕಾರಣಕ್ಕೆ ಹೊಡೆದುಕೊಂಡಿತು. ಒರತೆಗೆ ಕದ್ದು ಹೋಗಿ ಕಿತ್ತುಬಿಡಬೇಕು ಎಂದುಕೊಂಡೆ. ಆಫೀಸಿನ ಗಲಾಟೆಯಲ್ಲಿ ಹೋಗಲಾದದ್ದು ಜೂನ್ ಮಧ್ಯದಲ್ಲಿ. ಅಲ್ಲಿ ಒಂದೆಲೆಯೂ ಇರಲಿಲ್ಲ. ಆ ಗಿಡ ಬೇಸಿಗೆಗೆ ಒಣಗಿ ನೆಲದೊಳಗೆ ಮಲಗುತ್ತದೆ ಎಂದು ನನಗೆ ತಿಳಿದಿರಲಿಲ್ಲ. ಸತ್ತಿದೆ, ಪೀಡೆ ತೊಲಗಿತು ಎಂದು ನಿರಾಳವಾಗಿ ಇಳಿದು ಬಂದೆ.

ಜುಲೈನಲ್ಲಿ ಪಾಚಿಗಲ್ಲಿನ ಮೇಲೆ ಜಾರಿದೆ. "ಏ, ಹುಷಾರು! ಎಲ್ಲಿ ನೋಡ್ಲಿಕ್ಕೆ ಹತ್ತೀ ನೀ?" ಎಂದು ಅತುಲ್ ನನ್ನ ಮಣಿಕಟ್ಟು ಹಿಡಿದ. ರೀ ಬಿದ್ದುಹೋಗಿದ್ದು ಇಬ್ಬರಿಗೂ ಒಂದೇ ಸಲ ಗೊತ್ತಾಯಿತು. ಅವನು ಕೈ ಬಿಡಲಿಲ್ಲ. ಎಲ್ಲಿ ನೋಡುತ್ತಿದ್ದೆ ಎಂದು ನಾನೂ ಹೇಳಲಿಲ್ಲ. ಮೇಲೆ ಸಿಕಮೋರ್ ಮರದ ಎಲೆಗಳ ನಡುವಿನಿಂದ ಬಿಸಿಲು ಅವನ ಹುಬ್ಬಿನ ಮೇಲೆ ಬಿದ್ದು ಆಡುತ್ತಿತ್ತು. ಅಷ್ಟು ಸುಖವಾಗಿ ನಾನು ಅದಕ್ಕೆ ಮೊದಲೂ ಇರಲಿಲ್ಲ, ಆಮೇಲೂ ಇಲ್ಲ.

ಸೆಪ್ಟೆಂಬರಿನಲ್ಲಿ ಅಮ್ಮ ಮೈಸೂರಿಗೆ ಹಿಂತಿರುಗಿದಳು. ಏರ್‌ಪೋರ್ಟಿಗೆ ಬಂದಿದ್ದ ಅತುಲ್ ಅವಳ ಕಾಲಿಗೆ ನಮಸ್ಕಾರ ಮಾಡಿದ. ಚಳಿಗಾಲವೆಲ್ಲ ನಾವು ಒಂದೇ ಥರ್ಮಾಸಿನ ಕಾಫಿ ಕುಡಿದೆವು. ಮಾರ್ಚ್ ಕೊನೆಯ ಭಾನುವಾರ ಹಿಕ್ಸ್‌ವಿಲ್‌ನಲ್ಲಿ ಅವನ ಅಪ್ಪ ಅಮ್ಮನ ಜೊತೆ ಊಟ ಎಂದು ನಿಶ್ಚಯವಾಯಿತು.

ಅದರ ಹಿಂದಿನ ದಿನ, ಶನಿವಾರ, ಟೋನಿ ಸೇರಿ ನಾವು ಮೂವರೂ ಒರತೆಗೆ ಹೋದೆವು.

ಬೀಚ್ ಮರದ ಬುಡದಲ್ಲಿ, ಕಂದು ತರಗೆಲೆಗಳ ಮೇಲೆ, ಒಂದು ಚಾಪೆಯಷ್ಟು ಹಸಿರು. ಮೇಲೆ ಹಳದಿ ಹೂಗಳು. ಅತುಲ್ ಮಂಡಿಯೂರಿ ಕುಳಿತವನು ಬಹಳ ಹೊತ್ತು ಏಳಲಿಲ್ಲ. ನಾನು ನೋಡಿದ್ದು ಬೇರೆ: ಐದು ಗುಂಪು, ಗೇಣು ಗೇಣು ಬಿಟ್ಟು, ಸಾಲಾಗಿ.

ಅವನು ತಲೆಯೆತ್ತದೆ ಟೋನಿಯನ್ನು ಕೇಳಿದ. ಚಳಿಗಾಲದಲ್ಲಿ ಇಲ್ಲಿಗೆ ಬಂದವನು ನೀನೊಬ್ಬನೇ. ಪ್ರತಿ ಸಲವೂ ಬೂಟು ತೊಳೆದೆಯಾ?

ಟೋನಿ ಗಿಡಗಳನ್ನು ನೋಡಿದ. ನನ್ನನ್ನು ನೋಡಿದ. "ನೀರು ಹೆಪ್ಪುಗಟ್ಟಿದ್ದ ದಿನ ತೊಳೆದಿರಲಿಕ್ಕಿಲ್ಲ," ಅಂದ. "ನಾನೇ ಇರಬೇಕು. ವಯಸ್ಸಾಯ್ತು."

ಆಗ ಹೇಳಬೇಕಿತ್ತು. ಒಂದು ವಾಕ್ಯ ಸಾಕಿತ್ತು. ಆದರೆ ನಾಳೆ ಅವನ ಮನೆಯಲ್ಲಿ ಊಟ. ಆ ಮನೆಯಲ್ಲಿ ನನ್ನ ಅಮ್ಮನ ಹೆಸರು ಮೊದಲ ಸಲವೇ ಹೀಗೆ ಬರಬೇಕೇ? ಮೊಸರಿನ ಡಬ್ಬಿ, ಕೈ ಮುಗಿದದ್ದು, ಎಲ್ಲ ನಗೆಪಾಟಲಾಗಬೇಕೇ? ಊಟ ಮುಗಿಯಲಿ, ಸೋಮವಾರ ಹೇಳುತ್ತೇನೆ ಎಂದುಕೊಂಡೆ.

"ಇನ್ನು ಮೇಲೆ ನೀನು ಇಲ್ಲಿಗೆ ಬರೋದು ಬೇಡ, ಟೋನಿ," ಅಂದ ಅತುಲ್. ದನಿಯೇರಿಸಲಿಲ್ಲ. ಟೋನಿ ತನ್ನ ಬ್ರಷ್ಷನ್ನು ಬಕೆಟ್ಟಿನಲ್ಲಿಟ್ಟು ಇಳಿಜಾರು ಇಳಿದು ಹೋದ.

ಸೋಮವಾರ ಬಂತು. ಅತುಲ್‌ನ ತಾಯಿ ನನಗೆ ಫೋನ್ ಮಾಡಿ, "ನಮಗೆಲ್ಲಾ ಭಾಳ ಸೇರಿದಿ ನೋಡವಾ" ಅಂದರು. ಆ ಖುಷಿಯ ನಡುವೆ ಎಲ್ಲಿಂದ ಹೇಳುವುದು? ಏಪ್ರಿಲ್ ಪೂರ್ತಿ ನಾನು ಅತುಲ್ ಜೊತೆ ಕುಳಿತು ಆ ಗಿಡಗಳನ್ನು ಅಗೆದೆ, ಮಣ್ಣು ಜರಡಿ ಹಿಡಿದೆ, ಒಂದೊಂದು ಗಡ್ಡೆಯನ್ನೂ ಚೀಲಕ್ಕೆ ತುಂಬಿದೆ. ಐದು ವರ್ಷ ಹೀಗೇ ಮಾಡಬೇಕು ಅಂದ ಅವನು. ನನ್ನ ಶ್ರದ್ಧೆ ನೋಡಿ ಅವನಿಗೆ ನನ್ನ ಮೇಲೆ ಪ್ರೀತಿ ಹೆಚ್ಚಾಯಿತು. ಅದನ್ನು ನಾನು ಸುಮ್ಮನೆ ಪಡೆದುಕೊಂಡೆ. ನಾಚಿಕೆಯಾಗುತ್ತಿತ್ತು, ಆದರೂ ಪಡೆದುಕೊಂಡೆ.

ಜೂನ್‌ನಲ್ಲಿ ಟೋನಿಯ ಮನೆಯ ಮುಂದೆ ಮಾರಾಟದ ಬೋರ್ಡು ಕಂಡಿತು. ಪೆನ್ಸಿಲ್ವೇನಿಯಾದ ಸ್ಕ್ರಾಂಟನ್‌ನಲ್ಲಿದ್ದ ಮಗಳ ಮನೆಗೆ ಹೋಗಿಬಿಟ್ಟ.

ಅಕ್ಟೋಬರ್‌ನ ಒಂದು ಶನಿವಾರ ನೀರು ತೀರಾ ಕಡಿಮೆಯಿತ್ತು. ತುಲಿಪ್ ಮರದ ಹಳದಿ ಎಲೆಗಳು ಕಲ್ಲಿನಿಂದ ಕಲ್ಲಿಗೆ ತಡೆದು ನಿಂತು ಸಾಗುತ್ತಿದ್ದವು. ದೊಡ್ಡ ಈಲ್‌ಗಳು ಒಂದು ಜೋರು ಮಳೆಗೆ ಕಾಯುತ್ತಿವೆ, ಬಂದರೆ ಸಮುದ್ರಕ್ಕೆ ಹೊರಟುಬಿಡುತ್ತವೆ ಎಂದು ಅತುಲ್ ಹೇಳುತ್ತಿದ್ದ. ಹೇಳುತ್ತ ಹೇಳುತ್ತ, ನೀರಿನಲ್ಲಿ ನಿಂತೇ, "ಮದುವಿ ಆಗೋಣೇನು?" ಅಂದ.

ನನ್ನ ಕೈಯಲ್ಲಿ ಪೆನ್ಸಿಲ್ ಇತ್ತು. "ಇದನ್ನ ಯಾವ ಕಾಲಮ್‌ನಲ್ಲಿ ಬರೀಲಿ?" ಅಂದೆ.

ಅವನು ನಕ್ಕು ದಡಕ್ಕೆ ಬಂದು ನನ್ನ ಪಕ್ಕ ಕುಳಿತ. ರಬ್ಬರಿನಿಂದ ನೀರು ತೊಟ್ಟಿಕ್ಕುತ್ತಿತ್ತು. "ಟೋನಿನ್ನ ಕರೀಬೇಕು ಮದುವಿಗೆ," ಅಂದ. "ಬರ್ತಾನೋ ಇಲ್ಲೋ. ಅವತ್ತು ಅವನ ಮಾರಿ ಹೆಂಗಾಗಿತ್ತು ನೋಡಿದೇನು? ನನಗ ಇನ್ನೂ ಕಣ್ಣ ಮುಂದ ಬರ್ತದ."

ಹೂಂ ಎನ್ನಲು ತೆರೆದ ಬಾಯಿಂದ ಬೇರೆಯದೇ ಹೊರಟಿತು. "ಆ ಗಿಡ ತಂದಿದ್ದು ಟೋನಿ ಅಲ್ಲ, ಅತುಲ್. ನಾನು. ನಾನು, ಅಮ್ಮ."

ಎಲ್ಲ ಹೇಳಿದೆ. ಯಾರೂ ತುಳಿಯದ ಜಾಗದ ವಿಷಯ ಬಂದಾಗ ಅವನ ತುಟಿಯಲ್ಲಿ ಒಂದು ಕ್ಷಣ ನಗು ಮೂಡಿತು. "ಆಂಟಿ ಸರಿಯಾಗೇ ಆರಿಸ್ಯಾರ," ಅಂದ. ಆಮೇಲೆ ನಗು ಹೋಯಿತು. "ನಿನಗ ಯಾವಾಗ ಗೊತ್ತಾತು?"

"ಮಾರ್ಚಲ್ಲಿ."

"ಅವತ್ತ? ಅಲ್ಲೇ ನಿಂತಾಗ?"

"ಅಲ್ಲೇ ನಿಂತಾಗ."

ಅವನು ಎದ್ದು ಟ್ರೇಯಲ್ಲಿದ್ದ ಹುಳುಗಳನ್ನು ಒಂದೂ ಬಿಡದೆ ನೀರಿಗೆ ಬಿಟ್ಟ. "ನಾಳೆ ಸ್ಕ್ರಾಂಟನ್‌ಗೆ ಹೋಗೋಣ," ಅಂದ.

ಎರಡು ಗಂಟೆಯ ಡ್ರೈವ್. ಟೋನಿ ಮಗಳ ಮನೆಯ ಮುಂದಿನ ಕುರ್ಚಿಯಲ್ಲಿ ಕುಳಿತಿದ್ದ. ಎದುರಿಗೆ ಟಯರ್ ಅಂಗಡಿಯ ಗೋಡೆ. ನಾನು ನಿಂತುಕೊಂಡೇ ಹೇಳಿ ಮುಗಿಸಿದೆ. ಅವನು ಕೇಳಿಸಿಕೊಂಡು, ಕೂತ್ಕೋ ಸ್ಯಾಮ್, ಅಂದ.

"ನನಗೆ ಗೊತ್ತಿತ್ತು. ನೀನು, ನಿನ್ನ ಅಮ್ಮ ಹಗ್ಗದೊಳಗೆ ಹೋಗಿದ್ದನ್ನ ದೂರದಿಂದ ನೋಡಿದ್ದೆ. ಅವರು ಬೂಟು ಬಿಚ್ಚಿ ಪ್ರಾರ್ಥನೆ ಮಾಡ್ತಿದ್ದರು. ಚರ್ಚಿನ ವಿಷಯಕ್ಕೆ ನಾನು ಹೋಗೋದಿಲ್ಲ, ಸುಮ್ಮನೆ ಬಂದುಬಿಟ್ಟೆ, ಆಮೇಲೂ ಆ ಮರದ ಬುಡದ ಕಡೆ ಕಾಲಿಡಲಿಲ್ಲ. ಮಾರ್ಚಲ್ಲಿ ನೋಡಿದ ಕೂಡಲೇ ಅರ್ಥವಾಯಿತು. ಬೂಟಿಗೆ ಅಂಟಿ ಬಂದದ್ದು ಯಾವತ್ತಾದರೂ ಸಾಲಾಗಿ ಬೆಳೆಯುತ್ತದಾ?"

ಅತುಲ್ ತಲೆ ತಗ್ಗಿಸಿದ.

"ಮತ್ತೆ ಯಾಕೆ ನಾನೇ ಅಂದೆ?" ಎಂದು ಕೇಳಿದೆ.

"ನಿನ್ನ ಮುಖ ಬಿಳಿಚಿಕೊಂಡಿತ್ತು. ಮಾರನೆಯ ದಿನ ಅವನ ಮನೆಗೆ ಊಟಕ್ಕೆ ಹೋಗೋಳಿದ್ದೆ. ಒಂದೆರಡು ದಿನ ನಾನು ಹೊತ್ತುಕೊಂಡರೆ ಏನಾಯ್ತು ಅನ್ನಿಸಿತು. ಶುಕ್ರವಾರದೊಳಗೆ ನೀನೇ ಹೇಳ್ತೀಯ ಅಂದುಕೊಂಡಿದ್ದೆ." ಸ್ವಲ್ಪ ಹೊತ್ತು ಟಯರ್ ಅಂಗಡಿಯ ಕಡೆ ನೋಡಿದ. "ಒಂದೆರಡು ಶುಕ್ರವಾರ ಕಾದೆ. ಆಮೇಲೆ ಮಗಳು ಕರೆದಳು."

ಅತುಲ್ ಅವನ ಕೈ ಹಿಡಿದು ವಾಪಸ್ ಬಾ ಎಂದು ಕೇಳಿಕೊಂಡ. ಮನೆ ಮಾರಿಯಾಗಿದೆ, ಮಂಡಿಯೂ ಹೋಗಿದೆ ಎಂದ ಟೋನಿ. ಹೊರಡುವಾಗ ನನ್ನ ಭುಜ ತಟ್ಟಿದ. ಬೈದಿದ್ದರೆ ಎಷ್ಟೋ ಹಗುರವಾಗುತ್ತಿತ್ತು.

ನಮ್ಮ ಮನೆಯ ಪಾರ್ಕಿಂಗ್ ಲಾಟ್‌ನಲ್ಲಿ ಅತುಲ್ ಎಂಜಿನ್ ಆಫ್ ಮಾಡಿದ. ಇನ್ನೂ ಸಂಜೆಯ ಬೆಳಕಿತ್ತು, ಮನೆಗಳ ಹಿಂದಿನ ಮರಗಳ ತುದಿಗಳು ಕೆಂಪಾಗಿದ್ದವು.

"ನನಗ ಸಿಟ್ಟಿಲ್ಲ, ಸಂಹಿತಾ. ಸಾಲು ನನಗೂ ಕಾಣಬೇಕಿತ್ತು, ಕಾಣಲಿಲ್ಲ. ತಪ್ಪು ಮುದುಕನ ಮ್ಯಾಲೆ ಹಾಕಿದಾಂವ ನಾನ."

"ಮತ್ತೆ?"

"ದಾರಿಯುದ್ದಕ್ಕೂ ನೀ ಹಿಂದ ಹೇಳಿದ್ದು ಒಂದೊಂದ ಮಾತು ತಗದು ನೋಡ್ಲಿಕ್ಕೆ ಹತ್ತಿದ್ದೆ. ಇದ್ರಾಗ ಏನು ಬಿಟ್ಟಾಳ, ಅದ್ರಾಗ ಏನು ಬಿಟ್ಟಾಳ ಅಂತ. ಏನೂ ಬಿಟ್ಟಿರಂಗಿಲ್ಲ ನೀ, ನನಗ ಗೊತ್ತದ. ಆದ್ರೂ ನೋಡ್ಲಿಕ್ಕೆ ಹತ್ತಿದ್ದೆ." ಅವನು ನನ್ನ ಕೈಯನ್ನು ತನ್ನೆರಡೂ ಕೈಯೊಳಗೆ ಇಟ್ಟುಕೊಂಡ. "ಹಂಗ ನೋಡಕೋತ ನಿನ್ನ ಜೋಡಿ ಇರ್ಲಿಕ್ಕೆ ನನಗ ಆಗಂಗಿಲ್ಲ. ನಿನಗೂ ಆಗಬಾರದು."

ವಾದ ಮಾಡಬೇಕೆನ್ನಿಸಿತು. ಕಾಯುತ್ತೇನೆ ಎನ್ನಬೇಕೆನ್ನಿಸಿತು. ಆದರೆ ಅವನು ಹೇಳಿದ್ದು ಸರಿಯಿತ್ತು, ಅದು ಇಬ್ಬರಿಗೂ ಗೊತ್ತಿತ್ತು. ಕತ್ತಲಾಗುವವರೆಗೂ ಕೈ ಬಿಡದೆ ಕುಳಿತಿದ್ದೆವು. ಆಮೇಲೆ ನಾನು ಇಳಿದೆ.

ಮಾರನೆಯ ಬೆಳಿಗ್ಗೆ ಅಮ್ಮನಿಗೆ ಫೋನ್ ಮಾಡಿದೆ. ಈ ಸಲ ಒಂದು ದಿನವೂ ತಡ ಮಾಡಬಾರದು ಎಂದುಕೊಂಡಿದ್ದೆ. ಗಿಡ, ಟೋನಿ, ಅತುಲ್, ಎಲ್ಲವನ್ನೂ ಹೇಳಿದೆ. ನಿನ್ನ ಹೆಸರು ಅವರ ಮನೇಲಿ ಹಾಗೆ ಬರಬಾರದು ಅಂತ ಬಾಯಿ ಮುಚ್ಚಿಕೊಂಡಿದ್ದೆ ಅಮ್ಮ, ಅಂದೆ.

ಆ ಕಡೆ ಒಲೆ ಆರಿಸಿ ಕುರ್ಚಿ ಎಳೆದುಕೊಂಡ ಸದ್ದಾಯಿತು.

"ಅಲ್ವೇ," ಅಂದಳು ಅಮ್ಮ. "ನಂಗೆ ಅವತ್ತೇ ಒಂದು ಮಾತು ಹೇಳಿದ್ರೆ, ನಾನೇ ಆ ಟೋನಿ ಯಜಮಾನರಿಗೆ ಫೋನ್ ಮಾಡಿ ತಪ್ಪಾಯ್ತು ಅಂತ ಕೇಳ್ಕೋತಿದ್ನಲ್ಲೇ. ತಪ್ಪಾಯ್ತು ಅನ್ನೋದಕ್ಕೆ ನಂಗೇನೇ ಕಷ್ಟ?"